ಇಪ್ಪತ್ತೆಂಟು ಅಂಗುಲದ ಬೂಟು

ಕಳೆದ ಮಳೆಗಾಲದ ಒಂದು ಭಾನುವಾರ ಸಂಜೆ ಅಪ್ಪನ ಪಕ್ಕದಲ್ಲಿ ಕುಳಿತು, ಲಿಟ್ಲ್ ಟಿಚ್ ಎಂಬ ಇಂಗ್ಲಿಷ್ ವಿದೂಷಕನ ಮೂಕಿ ತುಣುಕೊಂದನ್ನು ಲ್ಯಾಪ್‌ಟಾಪಿನಲ್ಲಿ ನೋಡಿದೆ. ಅವನ ನಿಜನಾಮ ಹ್ಯಾರಿ ರೆಲ್ಫ್, ಎತ್ತರ ನಾಲ್ಕೂವರೆ ಅಡಿ. ಹಾಡು, ಕುಣಿತ, ಹಾಸ್ಯಗಳನ್ನು ಒಂದರ ಹಿಂದೊಂದು ಉಣಬಡಿಸುತ್ತಿದ್ದ ಮ್ಯೂಸಿಕ್ ಹಾಲ್ ಎಂಬ ರಂಗಮಂದಿರಗಳಲ್ಲಿ 28 ಅಂಗುಲ ಉದ್ದದ ಬೂಟು ತೊಟ್ಟು ಕುಣಿದು ಹೆಸರಾದವನು. 1900ರ ಪ್ಯಾರಿಸ್ ವಸ್ತುಪ್ರದರ್ಶನದಲ್ಲಿ ತೋರಿಸಲೆಂದು ಕ್ಲೆಮಾಂ ಮೊರೀಸ್ ಆ ಕುಣಿತವನ್ನು ಚಿತ್ರೀಕರಿಸಿದ್ದ.

ಮೊದಲ ಸಲ ಇಬ್ಬರೂ ನಕ್ಕೆವು. ಆದರೆ ಹುಡುಗನಾಗಿದ್ದಾಗ ತುಮಕೂರಿನಲ್ಲಿ ಗುಬ್ಬಿ ಕಂಪನಿಯ ನಾಟಕಗಳನ್ನು ನೋಡಿದ್ದ ಅಪ್ಪ, "ಇಷ್ಟು ಅವಸರ ಮಾಡಿದರೆ ಜನ ನಗುವುದು ಯಾವಾಗ?" ಎಂದರು. ಅವಸರ ಕಲಾವಿದನದಲ್ಲ, ಯಂತ್ರದ್ದು. ಆಗಿನ ಕ್ಯಾಮೆರಾಗಳನ್ನು ಕೈಯಿಂದ ತಿರುಗಿಸುತ್ತಿದ್ದರು. ಸೆಕೆಂಡಿಗೆ ಸುಮಾರು 16 ಚಿತ್ರಗಳಂತೆ ಹಿಡಿದದ್ದನ್ನು ಇಂದಿನ 24ರ ವೇಗದಲ್ಲಿ ಓಡಿಸಿದರೆ ಮನುಷ್ಯರೆಲ್ಲ ಕೀಲಿ ಕೊಟ್ಟ ಗೊಂಬೆಗಳಾಗುತ್ತಾರೆ. ವೇಗ ತಗ್ಗಿಸಿ ಮತ್ತೆ ನೋಡಿದೆವು. ಬೂಟುಗಳನ್ನೇ ಆಧಾರವಾಗಿಸಿಕೊಂಡು ಅವನು ಮುಂದಕ್ಕೆ ಬಾಗುವಾಗ, ಇನ್ನೇನು ಬಿದ್ದ ಎನ್ನಿಸುವ ಕ್ಷಣವನ್ನು ಎಷ್ಟು ನಿಧಾನವಾಗಿ ಎಳೆಯುತ್ತಾನೆಂಬುದು ಆಗ ಕಂಡಿತು. ಆ ಬೂಟುಗಳ ತುದಿಯ ಮೇಲೆ ಎದ್ದು ನಿಂತಾಗಲಂತೂ ನಮಗೆ ನಗು ಬರಲಿಲ್ಲ. ಅಪ್ಪ ಉಸಿರು ಬಿಗಿಹಿಡಿದಿದ್ದರು. ಮೊದಲು ನಕ್ಕಿದ್ದು ಅವನನ್ನು ನೋಡಿಯೋ, ಯಂತ್ರವನ್ನು ನೋಡಿಯೋ ಎಂದು ನನಗೆ ಸ್ವಲ್ಪ ನಾಚಿಕೆಯಾಯಿತು.

ಮೈಯನ್ನೇ ಮಾತಾಗಿಸಿಕೊಂಡ ಇವನು ಮೂಕಿಯಲ್ಲಿಯೂ ಉಳಿದ. ಅವನ ಸಮಕಾಲೀನ ಡ್ಯಾನ್ ಲೆನೊಗೆ ಆ ಭಾಗ್ಯವಿರಲಿಲ್ಲ. ಹರಟೆಯೇ ಅವನ ಬಂಡವಾಳ. 1904ರಲ್ಲಿ, ನಲವತ್ತಮೂರನೆಯ ವಯಸ್ಸಿನಲ್ಲಿ ತೀರಿಕೊಳ್ಳುವ ಮೊದಲು ಅವನ ಮುಖ ಕೆಲವು ಮೂಕಿ ತುಣುಕುಗಳಲ್ಲಿಯೂ ದನಿ ಗ್ರಾಮಫೋನ್ ತಟ್ಟೆಗಳಲ್ಲಿಯೂ ದಾಖಲಾದವು, ಬೇರೆ ಬೇರೆಯಾಗಿ. ತಟ್ಟೆಯನ್ನೂ ಕೇಳಿಸಿದೆ. ಅಪ್ಪನಿಗೆ ಇಂಗ್ಲಿಷ್ ಉಚ್ಚಾರಣೆ ಹಿಡಿಯಲಿಲ್ಲ. ಆದರೂ ಸಾಲಿನ ಕೊನೆಗೊಮ್ಮೆ ದನಿ ತಡೆದದ್ದನ್ನು ಗುರುತಿಸಿ, "ಇಲ್ಲಿ ನಕ್ಕಿರುತ್ತಾರೆ" ಎಂದು ಬೆರಳೆತ್ತಿದರು.

ಊಟಕ್ಕೆ ಕರೆ ಬಂದಾಗ ನಾವು ಸೀಮೆಸುಣ್ಣದಿಂದ ಹಜಾರದ ನೆಲದ ಮೇಲೆ 28 ಅಂಗುಲ ಗುರುತು ಮಾಡುತ್ತಿದ್ದೆವು. ಅಪ್ಪ ಒಂದು ಗೆರೆಗೆ ಹಿಮ್ಮಡಿ ತಾಗಿಸಿ ನಿಂತು, ನನ್ನ ಭುಜ ಹಿಡಿದು, ಇನ್ನೊಂದು ಗೆರೆಯ ಕಡೆಗೆ ಮೆಲ್ಲಗೆ ಬಾಗತೊಡಗಿದರು.