ಮೇಷ್ಟ್ರನ್ನು ಓಡಿಸಿದ ಸವಾರ

ಅಕ್ಟೋಬರ್ ಬಂತೆಂದರೆ ನಮ್ಮ ವೆಸ್ಟ್‌ಚೆಸ್ಟರ್ ಕೌಂಟಿಯಲ್ಲಿ ರುಂಡವಿಲ್ಲದ ಕುದುರೆ ಸವಾರ ಎಲ್ಲೆಲ್ಲೂ ಕಾಣತೊಡಗುತ್ತಾನೆ: ಅಂಗಡಿಗಳ ಗಾಜಿನ ಮೇಲೆ, ಮನೆಗಳ ಮುಂದಿನ ಹುಲ್ಲುಹಾಸಿನಲ್ಲಿ, ಮಕ್ಕಳ ವೇಷದಲ್ಲಿ. ಸ್ಲೀಪಿ ಹಾಲೋ ಊರಿನಲ್ಲಂತೂ ಅವನು ವರ್ಷವಿಡೀ ಇರುತ್ತಾನೆ. ಪೊಲೀಸರ ಲಾಂಛನದಲ್ಲಿ ಅವನೇ, ಹೈಸ್ಕೂಲಿನ ಆಟದ ತಂಡಗಳ ಹೆಸರೂ ಅವನದೇ. ನ್ಯೂಯಾರ್ಕ್ ನಗರದಿಂದ ಹಡ್ಸನ್ ನದಿಯ ದಂಡೆ ಹಿಡಿದು ಉತ್ತರಕ್ಕೆ ಸುಮಾರು 40 ಕಿಲೋಮೀಟರ್ ಬಂದರೆ ಸಿಗುವ, ಹತ್ತಿರಹತ್ತಿರ 10,000 ಜನರಿರುವ ಊರು ಇದು. 1996ರವರೆಗೆ ಇದರ ಹೆಸರು ನಾರ್ತ್ ಟ್ಯಾರಿಟೌನ್. ಆ ವರ್ಷ ಇಲ್ಲಿನ ಜನರಲ್ ಮೋಟರ್ಸ್ ಕಾರ್ಖಾನೆ ಮುಚ್ಚಿತು. ಅದೇ ವರ್ಷ ಊರಿನವರು ಮತ ಹಾಕಿ, ಈ ಸವಾರನ ಮೂಲವಾದ, ಅಮೆರಿಕದ ಲೇಖಕ ವಾಷಿಂಗ್ಟನ್ ಇರ್ವಿಂಗ್‌ನ 'ದ ಲೆಜೆಂಡ್ ಆಫ್ ಸ್ಲೀಪಿ ಹಾಲೋ' ಕಥೆಯಲ್ಲಿದ್ದ ಹೆಸರನ್ನು ಊರಿಗೆ ಇಟ್ಟುಕೊಂಡರು.

ಮೈಸೂರಿನಲ್ಲಿರುವ ನನ್ನ ಅಕ್ಕ ಆ ಕಥೆಯಿಂದ ಮಾಡಿದ 1999ರ 'ಸ್ಲೀಪಿ ಹಾಲೋ' ಸಿನಿಮಾ ನೋಡಿ ಫೋನಿನಲ್ಲಿ ಕೇಳಿದಳು: "ಅಲ್ಲ ಕಣೇ, ನಿಮ್ಮನೆ ಹತ್ತಿರದ ಆ ಸವಾರ ನಿಜವಾಗ್ಲೂ ದೆವ್ವಾನಾ, ಇಲ್ಲಾ ಯಾರಾದ್ರೂ ವೇಷ ಹಾಕ್ಕೊಂಡಿದ್ರಾ?" ಆ ಸಿನಿಮಾದ ಮಟ್ಟಿಗೆ ದೆವ್ವವೇ ಅಂದೆ. ಮೂಲ ಕಥೆಯ ಉತ್ತರ ಅಷ್ಟು ಸುಲಭವಲ್ಲ. ಫೋನಿನಲ್ಲಿ ಹೇಳಿ ಮುಗಿಯದ ಆ ಮಾತನ್ನು ಇಲ್ಲಿ ಬರೆಯುತ್ತಿದ್ದೇನೆ.

ವಾಷಿಂಗ್ಟನ್ ಇರ್ವಿಂಗ್ ಈ ಕಥೆಯನ್ನು ಪ್ರಕಟಿಸಿದ್ದು 1820ರಲ್ಲಿ. ಕಥೆ ನಡೆಯುವುದು ಅದಕ್ಕಿಂತ ಮೂವತ್ತು ವರ್ಷ ಹಿಂದೆ, ಸುಮಾರು 1790ರಲ್ಲಿ. ಕನೆಕ್ಟಿಕಟ್‌ನಿಂದ ಇಕಬಾಡ್ ಕ್ರೇನ್ ಎಂಬ ಬಡ ಮೇಷ್ಟ್ರು ಡಚ್ ರೈತರ ಈ ಕಣಿವೆಗೆ ಬರುತ್ತಾನೆ. ಅವನ ಸಂಬಳ ಹೊಟ್ಟೆಗೇ ಸಾಲದು. ನಮ್ಮಲ್ಲಿ ವಾರಾನ್ನದ ಹುಡುಗರು ದಿನಕ್ಕೊಂದು ಮನೆಯಲ್ಲಿ ಉಣ್ಣುತ್ತಿದ್ದ ಹಾಗೆ, ಈ ಮೇಷ್ಟ್ರು ತನ್ನ ಆಸ್ತಿಯನ್ನೆಲ್ಲ ಒಂದು ಕರವಸ್ತ್ರದಲ್ಲಿ ಗಂಟು ಕಟ್ಟಿಕೊಂಡು ವಾರಕ್ಕೊಬ್ಬ ಶಿಷ್ಯನ ಮನೆಯಲ್ಲಿ ಉಳಿಯುತ್ತಾನೆ. ಉಂಡ ಋಣಕ್ಕೆ ಹುಲ್ಲು ಒಟ್ಟುತ್ತಾನೆ, ಬೇಲಿ ಸರಿಮಾಡುತ್ತಾನೆ, ಮಗುವಿನ ತೊಟ್ಟಿಲು ತೂಗುತ್ತಾನೆ, ಸಂಜೆ ಹೊತ್ತು ಊರ ಹುಡುಗರಿಗೆ ಚರ್ಚಿನ ಹಾಡು ಕಲಿಸುತ್ತಾನೆ. ದೆವ್ವದ ಕಥೆಗಳೆಂದರೆ ಅವನಿಗೆ ಪ್ರಾಣ, ನಂಬುತ್ತಾನೆ ಕೂಡ. ಆ ಕಣಿವೆಯ ದೊಡ್ಡ ದೆವ್ವವೇ ಈ ಸವಾರ. ಅಮೆರಿಕದ ಸ್ವಾತಂತ್ರ್ಯ ಯುದ್ಧದಲ್ಲಿ ಬ್ರಿಟಿಷರು ಹಣ ಕೊಟ್ಟು ಜರ್ಮನಿಯಿಂದ ಕರೆಸಿದ್ದ ಹೆಸ್ಸಿಯನ್ ಪಡೆಯ ಸೈನಿಕ ಅವನು. ತೋಪಿನ ಗುಂಡಿಗೆ ತಲೆ ಹಾರಿಹೋಗಿ, ದೇಹ ಹಳೆಯ ಡಚ್ ಚರ್ಚಿನ ಅಂಗಳದಲ್ಲಿ ಮಣ್ಣಾಗಿದೆ. ರಾತ್ರಿ ಎದ್ದು ತಲೆ ಹುಡುಕುತ್ತಾನೆ ಎಂಬುದು ಊರವರ ಮಾತು.

ಮೇಷ್ಟ್ರ ಕಣ್ಣು ಶ್ರೀಮಂತ ರೈತ ವ್ಯಾನ್ ಟ್ಯಾಸೆಲ್‌ನ ಒಬ್ಬಳೇ ಮಗಳು ಕತ್ರೀನಾಳ ಮೇಲೆ ಬೀಳುತ್ತದೆ. ಅವಳನ್ನು ಬಯಸಿದ ಇನ್ನೊಬ್ಬನಿದ್ದಾನೆ: ಬ್ರಾಮ್ ಬೋನ್ಸ್. ಊರಿನವನೇ, ಗಟ್ಟಿಮುಟ್ಟು ಆಳು, ಕುದುರೆ ಸವಾರಿಯಲ್ಲಿ ಎತ್ತಿದ ಕೈ. ಸುಗ್ಗಿಕಾಲದ ಒಂದು ಔತಣ ಮುಗಿದು, ಕತ್ರೀನಾಳ ಜೊತೆ ಮಾತಾಡಿ ಮುಖ ಸಣ್ಣ ಮಾಡಿಕೊಂಡು ಹೊರಟ ಮೇಷ್ಟ್ರನ್ನು ಕತ್ತಲ ದಾರಿಯಲ್ಲಿ ರುಂಡವಿಲ್ಲದ ಸವಾರ ಅಟ್ಟಿಸಿಕೊಂಡು ಬರುತ್ತಾನೆ. ಚರ್ಚಿನ ಸೇತುವೆ ದಾಟಿದರೆ ಬದುಕಿದೆ ಎಂದು ಇವನು ಓಡಿದರೆ, ಸವಾರ ಎದ್ದು ನಿಂತು ತನ್ನ ತಲೆಯನ್ನೇ ಎತ್ತಿ ಬೀಸುತ್ತಾನೆ. ಬೆಳಗ್ಗೆ ಅಲ್ಲಿ ಮೇಷ್ಟ್ರ ಟೋಪಿ ಸಿಗುತ್ತದೆ, ಪಕ್ಕದಲ್ಲೊಂದು ಒಡೆದ ಕುಂಬಳಕಾಯಿ. ಕತ್ರೀನಾಳನ್ನು ಬ್ರಾಮ್ ಮದುವೆಯಾಗುತ್ತಾನೆ. ಕುಂಬಳಕಾಯಿಯ ಮಾತು ಬಂದಾಗಲೆಲ್ಲ ಅವನಿಗೆ ನಗು. ಮುಂದೆ ನ್ಯೂಯಾರ್ಕಿಗೆ ಹೋಗಿಬಂದ ರೈತನೊಬ್ಬ, ಮೇಷ್ಟ್ರು ಬದುಕಿದ್ದಾನೆ, ಕಾನೂನು ಓದಿ ನ್ಯಾಯಾಧೀಶನಾಗಿದ್ದಾನೆ ಎನ್ನುತ್ತಾನೆ. ಊರಿನ ಮುದುಕಿಯರು ಒಪ್ಪುವುದಿಲ್ಲ, ಸವಾರನೇ ಹೊತ್ತುಕೊಂಡು ಹೋದ ಎನ್ನುತ್ತಾರೆ.

ಪರದೇಶದಲ್ಲಿರುವ ನನಗೆ ಇದು ದೆವ್ವದ ಕಥೆಗಿಂತ ಮೊದಲು ಹೊರಗಿನವನನ್ನು ಓಡಿಸಿದ ಕಥೆ. ಮೇಷ್ಟ್ರೇನು ಸಂತನಲ್ಲ. ಮಕ್ಕಳಿಗೆ ಬೆತ್ತ ಬೀಸುತ್ತಾನೆ. ವ್ಯಾನ್ ಟ್ಯಾಸೆಲ್‌ನ ಹೊಲ ನೋಡಿದೊಡನೆ ಅದನ್ನು ಮಾರಿ ಪಶ್ಚಿಮದ ಕಡೆ ಜಮೀನು ಕೊಳ್ಳುವ ಲೆಕ್ಕ ಹಾಕುತ್ತಾನೆ. ಹಾಗಿದ್ದರೂ ಊರು ಅವನ ಪಾಠ, ಅವನ ಹಾಡು, ಅವನ ದುಡಿಮೆ ಎಲ್ಲವನ್ನೂ ಪಡೆದುಕೊಂಡಿತು. ಮನೆಯ ಮಗಳನ್ನು ಕೇಳುವ ಹೊತ್ತಿಗೆ ಕತ್ತಲಲ್ಲಿ ಸವಾರ ಬಂದ. ಆ ಸವಾರನೂ ದೂರದ ದೇಶದಿಂದ ಬಂದು, ಹೆಸರೂ ಉಳಿಯದೆ ಈ ಮಣ್ಣಿಗೆ ಸೇರಿದವನು ಎಂಬುದು ನನಗೆ ಮರೆಯಲಾಗದ ಸಂಗತಿ.

ಇದನ್ನು ಬರೆಯುವಾಗ ಇರ್ವಿಂಗ್ ಕೂಡ ಪರದೇಶದಲ್ಲಿದ್ದ. 1815ರಲ್ಲಿ ಇಂಗ್ಲೆಂಡಿಗೆ ಹೋದವನು ತಾಯ್ನಾಡಿಗೆ ಮರಳಿದ್ದು 1832ರಲ್ಲಿ. ಲಿವರ್‌ಪೂಲಿನಲ್ಲಿ ಮನೆತನದ ವ್ಯಾಪಾರ 1818ರಲ್ಲಿ ದಿವಾಳಿಯಾಗಿತ್ತು. ಬರವಣಿಗೆಯಿಂದಲೇ ಹೊಟ್ಟೆ ತುಂಬಬೇಕಿತ್ತು. 1798ರಲ್ಲಿ ನ್ಯೂಯಾರ್ಕಿನಲ್ಲಿ ಹಳದಿ ಜ್ವರ ಹರಡಿದಾಗ ಹದಿನೈದು ವರ್ಷದ ಹುಡುಗನಾಗಿದ್ದ ಅವನನ್ನು ಟ್ಯಾರಿಟೌನಿಗೆ ಕಳಿಸಿದ್ದರು. ಆಗ ಕಂಡ ಹಳ್ಳ, ಕಾಡು, ಡಚ್ ಮನೆಗಳನ್ನು ಕಡಲಾಚೆ ಕೂತು ನೆನೆದು ಬರೆದ. ವ್ಯಾನ್ ಟ್ಯಾಸೆಲ್ ಮನೆಯ ಊಟದ ವರ್ಣನೆ ಓದಿ ನೋಡಿ: ಬಗೆಬಗೆಯ ಕೇಕು, ಕಡುಬು, ಹಣ್ಣಿನ ತಿನಿಸು, ಮುಗಿಯುವುದೇ ಇಲ್ಲ. ಊರು ಬಿಟ್ಟವರಿಗೆ ಆ ಪಟ್ಟಿ ಏಕೆ ಅಷ್ಟು ಉದ್ದವಾಯಿತೆಂದು ಯಾರೂ ಹೇಳಿಕೊಡಬೇಕಿಲ್ಲ.

ಇನ್ನು ಹೊಸ ರೂಪಗಳು. 1949ರಲ್ಲಿ ಡಿಸ್ನಿ ಕಂಪನಿ ಮಾಡಿದ ಕಾರ್ಟೂನಿಗೆ ಕಥೆ ಹೇಳುವ ದನಿ ಗಾಯಕ ಬಿಂಗ್ ಕ್ರಾಸ್‌ಬಿಯದು. ಸವಾರನ ಕೈಯಲ್ಲಿ ಉರಿಯುವ ಕುಂಬಳಕಾಯಿ ಅಮೆರಿಕದ ಮಕ್ಕಳ ಮನಸ್ಸಿನಲ್ಲಿ ಉಳಿದಿರುವುದಕ್ಕೆ ಈ ಕಾರ್ಟೂನಿನ ಪಾಲು ದೊಡ್ಡದು. ಇರ್ವಿಂಗ್‌ನಲ್ಲಿ ಉರಿಯೂ ಇಲ್ಲ, ಕೆತ್ತನೆಯೂ ಇಲ್ಲ, ಹ್ಯಾಲೋವೀನ್ ಹಬ್ಬದ ಮಾತೂ ಇಲ್ಲ. ಆದರೂ ಕಾರ್ಟೂನು ಮೇಷ್ಟ್ರು ಬದುಕಿದ್ದಾನೆಂಬ ಸುದ್ದಿಯನ್ನೂ ಊರವರ ನಂಬಿಕೆಯನ್ನೂ ಎರಡನ್ನೂ ಇಟ್ಟುಕೊಂಡಿದೆ, ಅದಕ್ಕೇ ನನಗೆ ಇಷ್ಟ.

ಟಿಮ್ ಬರ್ಟನ್ ನಿರ್ದೇಶಿಸಿದ 1999ರ ಸಿನಿಮಾದಲ್ಲಿ ಇಕಬಾಡ್ ಮೇಷ್ಟ್ರಲ್ಲ, ನ್ಯೂಯಾರ್ಕಿನಿಂದ ಕೊಲೆಗಳ ತನಿಖೆಗೆ ಬಂದ ಪೊಲೀಸು. ಜಾನಿ ಡೆಪ್‌ನ ಪಾತ್ರ. ಬ್ರಾಮ್ ಅದರಲ್ಲೂ ಸವಾರನ ವೇಷ ಹಾಕಿ ಕುಂಬಳಕಾಯಿ ಎಸೆಯುತ್ತಾನೆ, ಅಲ್ಲಿಗೆ ಇರ್ವಿಂಗ್‌ನ ಕಥೆ ಒಂದು ಸಣ್ಣ ಕೀಟಲೆಯಾಗಿ ಮುಗಿದುಹೋಗುತ್ತದೆ. ನಂತರ ನಿಜವಾದ ಸವಾರ ಬಂದು ಬ್ರಾಮ್‌ನನ್ನೇ ಕೊಲ್ಲುತ್ತಾನೆ. ಸಿನಿಮಾದ ಬಹುಭಾಗ ಚಿತ್ರೀಕರಣವಾದದ್ದು ಇಂಗ್ಲೆಂಡಿನಲ್ಲಿ. ಕಲಾ ನಿರ್ದೇಶನಕ್ಕೆ ಆಸ್ಕರ್ ಬಂತು. ಆ ಮಂಜು, ಆ ಒಣ ಮರಗಳು ಕಣ್ಣು ಬಿಡಿಸಲಾಗದಂತಿವೆ, ನಿಜ. ಆದರೆ ದೆವ್ವ ಖಚಿತವಾದ ಗಳಿಗೆಗೆ ಊರಿನ ಮೇಲಿದ್ದ ಸಂಶಯ ಹೊರಟುಹೋಯಿತು. ಓಡಿಸಿದವನು ಪಕ್ಕದ ಮನೆಯವನೇ ಇರಬಹುದು ಎಂಬ ಭಯ ರಕ್ತ ಹರಿಯುವುದಕ್ಕಿಂತ ದೊಡ್ಡ ಭಯ. ಆ ಭಯ ಇಲ್ಲಿ ಕೈತಪ್ಪಿದೆ.

ಫಾಕ್ಸ್ ವಾಹಿನಿಯಲ್ಲಿ 2013ರಿಂದ 2017ರವರೆಗೆ ಬಂದ ಧಾರಾವಾಹಿ ಇನ್ನೂ ದೂರ ಹೋಯಿತು. ಅದರಲ್ಲಿ ಇಕಬಾಡ್ ಇಂಗ್ಲೆಂಡಿನಲ್ಲಿ ಹುಟ್ಟಿ ಜಾರ್ಜ್ ವಾಷಿಂಗ್ಟನ್ ಪರ ಹೋರಾಡಿದವನು. 1781ರಲ್ಲಿ ಬಿದ್ದವನು 2013ರಲ್ಲಿ ಎಚ್ಚರವಾಗುತ್ತಾನೆ. ಮಿಕ್ಕ ಮಾಟಮಂತ್ರಗಳೆಲ್ಲ ನನಗೆ ಅತಿಯಾಯಿತು. ಆದರೆ ದಿಕ್ಕು ತೋಚದೆ ನಿಂತ ಆ ಹೊರಗಿನವನಿಗೆ ಜೊತೆಯಾಗುವವಳು ಅದೇ ಊರಿನ ಕಪ್ಪು ಪೊಲೀಸ್ ಅಧಿಕಾರಿ ಅಬ್ಬಿ ಮಿಲ್ಸ್. ಇಬ್ಬರ ಮಾತುಕತೆಯೇ ಆ ಧಾರಾವಾಹಿಯ ಜೀವವಾಗಿತ್ತು. 2016ರಲ್ಲಿ ಮೂರನೆಯ ಭಾಗದ ಕೊನೆಗೆ ಅಬ್ಬಿಯನ್ನೇ ಸಾಯಿಸಿದರು. ನೋಡುಗರು ಸಿಟ್ಟಾದರು, ಆ ಸಿಟ್ಟು ನ್ಯಾಯವಾದದ್ದು.

ಅಬ್ಬಿ ಅಷ್ಟು ಮುಖ್ಯಳಾಗುವುದಕ್ಕೆ ಕಾರಣ ಈ ಊರಿನ ಚರಿತ್ರೆಯಲ್ಲೇ ಇದೆ. ಡಚ್ ಚರ್ಚಿನಿಂದ ನಾಲ್ಕು ಹೆಜ್ಜೆ ನಡೆದರೆ ಫಿಲಿಪ್ಸ್‌ಬರ್ಗ್ ಮ್ಯಾನರ್ ಎಂಬ ಹಳೆಯ ಜಮೀನ್ದಾರಿ ಮನೆ. ಅಲ್ಲಿನ ಗಿರಣಿ ನಡೆಸಿದವರು ಗುಲಾಮರಾಗಿದ್ದ ಆಫ್ರಿಕನ್ನರು. 1750ರ ಆಸ್ತಿ ಪಟ್ಟಿಯಲ್ಲಿ 23 ಮಂದಿಯನ್ನು ದನಕರು ಪಾತ್ರೆಪಗಡೆಗಳ ಜೊತೆ ಬರೆದಿದ್ದಾರೆ. ಇರ್ವಿಂಗ್ ಕಥೆ ಪ್ರಕಟಿಸಿದಾಗಲೂ ನ್ಯೂಯಾರ್ಕ್ ರಾಜ್ಯದಲ್ಲಿ ಗುಲಾಮಗಿರಿ ಇತ್ತು, ಅದು ಕೊನೆಯಾದದ್ದು 1827ರಲ್ಲಿ. ಕಥೆಯಲ್ಲಿ ಔತಣದ ಕರೆ ತರುವವನು ಒಬ್ಬ ಕಪ್ಪು ಆಳು, ಕುಣಿತಕ್ಕೆ ಪಿಟೀಲು ನುಡಿಸುವವನು ಒಬ್ಬ ಕಪ್ಪು ಮುದುಕ. ಇಬ್ಬರಿಗೂ ಹೆಸರಿಲ್ಲ, ಇಬ್ಬರನ್ನೂ ನಗಿಸಲು ಬಳಸಲಾಗಿದೆ. ಆ ಸಾಲುಗಳನ್ನು ಓದುವಾಗ ಇಂದಿಗೂ ನನಗೆ ಮುಜುಗರವಾಗುತ್ತದೆ.

ಇಂದಿನ ಸ್ಲೀಪಿ ಹಾಲೋದಲ್ಲಿ ಸುಮಾರು ಅರ್ಧದಷ್ಟು ಜನ ಲ್ಯಾಟಿನ್ ಅಮೆರಿಕ ಮೂಲದವರು. ಪೇಟೆ ಬೀದಿಯಲ್ಲಿ ಇಂಗ್ಲಿಷಿನಷ್ಟೇ ಸ್ಪ್ಯಾನಿಷ್ ಕೇಳಿಸುತ್ತದೆ. ಹೊರಗಿನಿಂದ ಬಂದವರ ಮಕ್ಕಳು ಸವಾರನ ಚಿತ್ರದ ಅಂಗಿ ತೊಟ್ಟು ಫುಟ್‌ಬಾಲ್ ಆಡುತ್ತಾರೆ. ಈ ಕಥೆಯನ್ನು ಇನ್ನೊಮ್ಮೆ ಹೇಳುವ ಹಕ್ಕು ಯಾರಿಗಾದರೂ ಇದ್ದರೆ ಆ ಮಕ್ಕಳಿಗೆ ಎಂದು ನನ್ನ ನಂಬಿಕೆ. ನನಗೆ ಓದಲು ಆಸೆಯಿರುವುದು ಆ ಪಿಟೀಲಿನ ಮುದುಕ ಹೇಳುವ ಕಥೆ. ಅರ್ಧ ಶತಮಾನ ಆ ಸೀಮೆಯ ಔತಣಗಳಿಗೆಲ್ಲ ನುಡಿಸಿದವನು ಎಂದು ಇರ್ವಿಂಗ್‌ನೇ ಬರೆದಿದ್ದಾನೆ. ಅಂಥವನಿಗೆ ಆ ರಾತ್ರಿ ಬ್ರಾಮ್ ಯಾವಾಗ ಎದ್ದುಹೋದ, ಯಾರ ಕಣಜದಿಂದ ಕುಂಬಳಕಾಯಿ ಹೋಯಿತು, ಯಾರು ನೋಡಿಯೂ ಸುಮ್ಮನಿದ್ದರು ಎಲ್ಲವೂ ಗೊತ್ತಿರುತ್ತದೆ. ಅವನನ್ನು ಯಾರೂ ಕೇಳಲಿಲ್ಲ, ಅಷ್ಟೇ.