ಹ್ಯಾರಿ ಡೀನ್ ಸ್ಟಾಂಟನ್ ಮುಖ: ಹನ್ನೆರಡರಲ್ಲಿ ಎಂಟು ಮುಗಿದವು

ಮೊದಲ ವಾರ

ಒಬ್ಬನೇ ನಟ, ಅಮೆರಿಕದ ಹ್ಯಾರಿ ಡೀನ್ ಸ್ಟಾಂಟನ್. ಅವರ ಸಿನಿಮಾಗಳಿಂದ ಹನ್ನೆರಡು ಪೆನ್ಸಿಲ್ ಚಿತ್ರ. ಇಸವಿ ಪ್ರಕಾರ ಬಿಡಿಸುತ್ತಾ ಹೋಗುವುದು. ಇಷ್ಟೇ ಪ್ಲಾನು.

ಹೀರೋಗಳ ಮುಖ ಬಿಡಿಸಿ ಬಿಡಿಸಿ ಬೇಜಾರಾಗಿತ್ತು. ಗದ್ದ, ಹುಬ್ಬು ಸರಿ ಕೂತರೆ ಅರ್ಧ ಕೆಲಸ ಆದ ಹಾಗೆ. ಸ್ಟಾಂಟನ್ ಮುಖದಲ್ಲಿ ಹಾಗೆ ಹಿಡಿದುಕೊಳ್ಳಲು ಏನೂ ಸಿಗುವುದಿಲ್ಲ. ಒಳಗೆ ಹೋದ ಕೆನ್ನೆ, ನಿದ್ದೆಗೆಟ್ಟ ಕಣ್ಣು, ಬಡಕಲು ಕುತ್ತಿಗೆ. ಬಸ್ಸಲ್ಲಿ ಪಕ್ಕಕ್ಕೆ ಕೂತರೆ ಯಾರೂ ತಿರುಗಿ ನೋಡದ ಮುಖ. ಆದರೆ ಸಿನಿಮಾದಲ್ಲಿ ಮೂಲೆಯಲ್ಲಿ ನಿಂತಿದ್ದರೂ ಕಣ್ಣು ಅಲ್ಲಿಗೇ ಹೋಗುತ್ತದೆ. ವಿಮರ್ಶಕ ರೋಜರ್ ಎಬರ್ಟ್ ಒಂದು ನಿಯಮವನ್ನೇ ಮಾಡಿದ್ದರು: ಸ್ಟಾಂಟನ್ ಅಥವಾ ಎಂ. ಎಮೆಟ್ ವಾಲ್ಶ್ ಪೋಷಕ ಪಾತ್ರದಲ್ಲಿರುವ ಸಿನಿಮಾ ಪೂರ್ತಿ ಕೆಟ್ಟದಾಗಿರಲು ಸಾಧ್ಯವಿಲ್ಲ. ಆಮೇಲೆ ಒಂದು ಸಿನಿಮಾ ಈ ನಿಯಮ ಮುರಿಯಿತು ಅಂತ ಅವರೇ ಒಪ್ಪಿಕೊಂಡರು, ಅದು ಬೇರೆ ಮಾತು.

ಪೆನ್ಸಿಲ್ ಹಿಡಿಯುವ ಮೊದಲು ಸ್ವಲ್ಪ ಓದಿಕೊಂಡೆ. ಹುಟ್ಟಿದ್ದು 1926ರ ಜುಲೈ 14ರಂದು, ಕೆಂಟಕಿ ರಾಜ್ಯದ ವೆಸ್ಟ್ ಅರ್ವಿನ್‌ನಲ್ಲಿ. ಅಪ್ಪ ಹೊಗೆಸೊಪ್ಪು ಬೆಳೆಯುತ್ತಿದ್ದರು, ಕ್ಷೌರವನ್ನೂ ಮಾಡುತ್ತಿದ್ದರು. ಸ್ಟಾಂಟನ್ ಎರಡನೇ ಮಹಾಯುದ್ಧದಲ್ಲಿ ನೌಕಾಪಡೆ ಸೇರಿ ಹಡಗಿನಲ್ಲಿ ಅಡುಗೆ ಮಾಡಿದರು. ಒಕಿನಾವಾ ಕದನ ಕಂಡವರು. ವಾಪಸ್ ಬಂದು ಕೆಂಟಕಿ ವಿಶ್ವವಿದ್ಯಾಲಯ ಸೇರಿದರು, ಅಲ್ಲಿ ನಾಟಕದ ರುಚಿ ಹತ್ತಿತು. ಅಲ್ಲಿಂದ ಕ್ಯಾಲಿಫೋರ್ನಿಯಾದ ಪ್ಯಾಸಡೀನಾ ಪ್ಲೇಹೌಸ್ ರಂಗಮಂದಿರ. ಮುಂದಿನ ಎಷ್ಟೋ ವರ್ಷ ಟಿವಿ ವೆಸ್ಟರ್ನ್‌ಗಳಲ್ಲಿ, ಅಂದರೆ ಕೌಬಾಯ್ ಕಥೆಗಳಲ್ಲಿ, ಗುಂಡು ತಿಂದು ಸಾಯುವ ಕೆಲಸ. ಆಗ ಹ್ಯಾರಿ ಸ್ಟಾಂಟನ್ ಅಂತ ಇನ್ನೊಬ್ಬ ನಟ ಇದ್ದದ್ದರಿಂದ ಇವರು ಬರೀ ಡೀನ್ ಸ್ಟಾಂಟನ್.

ಎರಡನೇ ವಾರ

ಮೊದಲ ಚಿತ್ರ 1966ರ 'ರೈಡ್ ಇನ್ ದ ವರ್ಲ್‌ವಿಂಡ್'. ತಲೆಗೆ ಹ್ಯಾಟು, ಒಂದು ಕಣ್ಣಿಗೆ ಪಟ್ಟಿ. ಸುಲಭ ಅಂದುಕೊಂಡೆ, ಸುಲಭವಾಗಿಯೇ ಬಂತು. ಅದೇ ತೊಂದರೆ. ಹ್ಯಾಟು, ಪಟ್ಟಿ ಚೆನ್ನಾಗಿ ಬಂದವು, ಮನುಷ್ಯ ಬರಲಿಲ್ಲ.

ಆ ಸಿನಿಮಾ ಬರೆದದ್ದು ಜಾಕ್ ನಿಕೋಲ್ಸನ್. ಇಬ್ಬರೂ ಒಂದು ಕಾಲಕ್ಕೆ ಒಂದೇ ಮನೆಯಲ್ಲಿದ್ದ ಗೆಳೆಯರು. ಈ ಪಾತ್ರಕ್ಕೆ ನಿಕೋಲ್ಸನ್ ಹೇಳಿದ್ದು ಒಂದೇ ಮಾತಂತೆ: ನೀನು ಏನೂ ಮಾಡಬೇಡ, ಬಟ್ಟೆಯೇ ನಟಿಸಲಿ. ಸ್ಟಾಂಟನ್ ಅದನ್ನು ಜೀವನಪೂರ್ತಿ ಇಟ್ಟುಕೊಂಡರು. ನಟನಿಗೆ ಸರಿ ಸ್ವಾಮಿ, ಪೆನ್ಸಿಲ್ ಹಿಡಿದವನ ಗತಿ ಏನು? ಏನೂ ಮಾಡದ ಮುಖವನ್ನು ಬಿಡಿಸುವುದು ಹೇಗೆ?

ನಾಲ್ಕನೇ ವಾರ

ಎರಡು, ಮೂರು ಬೇಗ ಮುಗಿದವು. 'ಕೂಲ್ ಹ್ಯಾಂಡ್ ಲ್ಯೂಕ್'ನ ಹಾಡು ಹೇಳುವ ಕೈದಿ, 'ಗಾಡ್‌ಫಾದರ್ 2'ರ ಎಫ್‌ಬಿಐ ಮನುಷ್ಯ. ಅಂಥಾ ವಿಶೇಷ ಏನಿಲ್ಲ.

ನಾಲ್ಕನೆಯದಕ್ಕೆ ಮೂರು ಹಾಳೆ ಹಾಳು. 1979ರ 'ಏಲಿಯನ್', ಬಾಹ್ಯಾಕಾಶ ಹಡಗಿನೊಳಗೆ ಅನ್ಯಗ್ರಹದ ರಾಕ್ಷಸ ಸೇರಿಕೊಳ್ಳುವ ಸಿನಿಮಾ. ಇವರು ಮೆಕ್ಯಾನಿಕ್ ಬ್ರೆಟ್. ಬೆಕ್ಕು ಹುಡುಕುತ್ತಾ ಹೋಗುತ್ತಾನೆ. ಮೇಲಿಂದ ನೀರು ತೊಟ್ಟಿಕ್ಕುತ್ತಿರುತ್ತದೆ. ಸುಮ್ನೆ ಮುಖ ಮೇಲೆತ್ತಿ ನಿಲ್ಲುತ್ತಾನೆ. ಸೆಕೆಗೆ ತಣ್ಣಗಾಯಿತು ಅನ್ನುವಷ್ಟೇ ಭಾವ. ಇನ್ನೇನು ಸಾಯುತ್ತಾನೆ ಅಂತ ನಮಗೆ ಗೊತ್ತು, ಅವನಿಗೆ ಗೊತ್ತಿಲ್ಲ. ನನಗೆ ಗೊತ್ತಿರುವುದೇ ಕೈಗೆ ಇಳಿಯುತ್ತಿತ್ತು: ಮೂರು ಸಲವೂ ಹುಬ್ಬು ಹೆದರಿದ ಹಾಗೆ ಬಂತು. ಜೊತೆಗೆ ಅಂಗಡಿಯವರು ದಪ್ಪ ಕಾಗದ ಅಂತ ಕೊಟ್ಟದ್ದು ಎರಡು ಸಲ ಅಳಿಸಿದ್ದಕ್ಕೇ ನಾರು ನಾರಾಯಿತು. ನಾಲ್ಕನೇ ಸಲ ಹುಬ್ಬನ್ನೇ ಬಿಟ್ಟೆ, ಟೋಪಿಯ ನೆರಳು ಮಾತ್ರ ಹಾಕಿದೆ. ಕೂತಿತು! ಅಂದಹಾಗೆ, ತಮಗೆ ರಾಕ್ಷಸರ ಸಿನಿಮಾ ಇಷ್ಟವಿಲ್ಲ ಅಂತ ನಿರ್ದೇಶಕ ರಿಡ್ಲಿ ಸ್ಕಾಟ್‌ಗೆ ಮುಖಕ್ಕೇ ಹೇಳಿದ್ದರಂತೆ ಇವರು.

ಏಳನೇ ವಾರ

'ಪ್ಯಾರಿಸ್, ಟೆಕ್ಸಸ್'. ಈ ಪ್ರಾಜೆಕ್ಟ್ ಶುರುವಾದದ್ದೇ ಇದಕ್ಕಾಗಿ, ಮೊದಲೇ ಹೇಳಬೇಕಿತ್ತು.

ಇಷ್ಟೊಂದು ಸಿನಿಮಾ ಮಾಡಿ, ಐವತ್ತೇಳರ ವಯಸ್ಸಿಗೆ ಮುಖ್ಯಪಾತ್ರ. ಸ್ಯಾಂಟಾ ಫೆಯ ಒಂದು ಬಾರಿನಲ್ಲಿ ನಾಟಕಕಾರ ಸ್ಯಾಮ್ ಶೆಪರ್ಡ್ ಜೊತೆ ಕುಡಿಯುತ್ತಾ, ನನಗೆ ಸಿಗುವ ಪಾತ್ರಗಳು ಸಾಕಾಗಿವೆ ಅಂದಿದ್ದರು. ಆಮೇಲೆ ಶೆಪರ್ಡ್ ತಾವು ಬರೆದ ಟ್ರ್ಯಾವಿಸ್ ಪಾತ್ರಕ್ಕೆ ಇವರನ್ನೇ ಕರೆದರು. ನಿರ್ದೇಶಕ ವಿಮ್ ವೆಂಡರ್ಸ್. 1984ರ ಕಾನ್ ಚಿತ್ರೋತ್ಸವದಲ್ಲಿ ಸಿನಿಮಾಕ್ಕೆ ಅಲ್ಲಿನ ಅತಿ ದೊಡ್ಡ ಪ್ರಶಸ್ತಿ ಪಾಮ್ ಡಿ'ಓರ್ ಬಂತು.

ಐದನೇ ಚಿತ್ರ ಮರುಭೂಮಿಯಲ್ಲಿ ನಡೆಯುವ ಟ್ರ್ಯಾವಿಸ್. ಧೂಳು ಹಿಡಿದ ಸೂಟು, ಟೈ, ಕೆಂಪು ಕ್ಯಾಪು, ಕೈಯಲ್ಲಿ ನೀರಿನ ಪ್ಲಾಸ್ಟಿಕ್ ಕ್ಯಾನು. ಕಪ್ಪು ಪೆನ್ಸಿಲ್‌ನಲ್ಲಿ ಕೆಂಪು ಎಲ್ಲಿಂದ ತರಲಿ? ಆಸೆ ತಡೆಯದೆ ಕ್ಯಾಪಿಗೆ ಕೆಂಪು ಬಳಿದೆ. ತಪ್ಪು ಮಾಡಿದೆ, ಈಗ ಎಲ್ಲರೂ ಕ್ಯಾಪನ್ನೇ ನೋಡುತ್ತಾರೆ. ಮತ್ತದೇ ಕಥೆ, ಹ್ಯಾಟು ಬಂತು, ಮನುಷ್ಯ ಬರಲಿಲ್ಲ.

ಆರನೆಯದು ಗಾಜಿನ ದೃಶ್ಯ. ಗಾಜಿನ ಆ ಕಡೆ ಹೆಂಡತಿ ಜೇನ್, ಪಾತ್ರ ಮಾಡಿದ್ದು ನಸ್ತಾಸ್ಯ ಕಿನ್ಸ್ಕಿ. ಇವನಿಗೆ ಅವಳು ಕಾಣುತ್ತಾಳೆ, ಅವಳಿಗೆ ಇವನು ಕಾಣುವುದಿಲ್ಲ. ಫೋನಿನಲ್ಲಿ ಮಾತು. ತಮ್ಮಿಬ್ಬರದೇ ಕಥೆಯನ್ನು ಯಾರದೋ ಕಥೆ ಅನ್ನುವ ಹಾಗೆ ಹೇಳುತ್ತಾನೆ, ಅದೂ ಕುರ್ಚಿ ತಿರುಗಿಸಿ ಅವಳಿಗೆ ಬೆನ್ನು ಹಾಕಿ ಕೂತು. ಒಂದು ಕಡೆ ಗಾಜಿನ ಮೇಲೆ ಇವನ ಮುಖದ ನೆರಳು ಅವಳ ಮುಖದ ಮೇಲೆ ಬೀಳುತ್ತದೆ. ಎರಡು ಮುಖ ಒಂದರ ಮೇಲೊಂದು ಬಿಡಿಸಲು ಹೋಗಿ ಎರಡು ಭಾನುವಾರ ಕಳೆದೆ. ಕೊನೆಗೆ ಬೆನ್ನು ಹಾಕಿ ಕೂತದ್ದನ್ನೇ ಬಿಡಿಸಿದೆ. ಕಿವಿ, ಕೆನ್ನೆಯ ಅಂಚು, ಫೋನು, ಅಷ್ಟೇ. ಇಲ್ಲಿಯವರೆಗಿನದರಲ್ಲಿ ನನಗೆ ತೃಪ್ತಿ ಕೊಟ್ಟದ್ದು ಇದೊಂದೇ.

ಹತ್ತನೇ ವಾರ

ಏಳು, 'ಪ್ರಿಟಿ ಇನ್ ಪಿಂಕ್'ನ ಕೆಲಸವಿಲ್ಲದ ಅಪ್ಪ. ಎಂಟು, 1999ರ 'ದ ಸ್ಟ್ರೈಟ್ ಸ್ಟೋರಿ'. ಅದರಲ್ಲಿ ಒಬ್ಬ ಮುದುಕ ಹುಲ್ಲು ಕತ್ತರಿಸುವ ಗಾಡಿ ಓಡಿಸಿಕೊಂಡು ಅಯೋವಾದಿಂದ ವಿಸ್ಕಾನ್ಸಿನ್‌ಗೆ ಬರುತ್ತಾನೆ, ಮಾತು ಬಿಟ್ಟ ಸಹೋದರನನ್ನು ನೋಡಲು. ಆ ಸಹೋದರನೇ ಸ್ಟಾಂಟನ್. ಬರುವುದು ಕೊನೆಯ ಕೆಲವೇ ನಿಮಿಷ. ಗಾಡಿ ನೋಡುತ್ತಾನೆ, ಬಂದವನನ್ನು ನೋಡುತ್ತಾನೆ, ಕಣ್ಣು ತುಂಬುತ್ತದೆ. ಅಷ್ಟಕ್ಕೇ ಎರಡು ಗಂಟೆ ಕಾದದ್ದು ಸಾರ್ಥಕ.

ಉಳಿದದ್ದು ನಾಲ್ಕು. 'ದ ಗ್ರೀನ್ ಮೈಲ್'ನ ಮುದಿ ಕೈದಿ, 'ಟ್ವಿನ್ ಪೀಕ್ಸ್', 'ಲಕಿ'. ಜೊತೆಗೆ 2012ರ 'ದ ಅವೆಂಜರ್ಸ್'ನ ಸೆಕ್ಯೂರಿಟಿ ಗಾರ್ಡ್, ಹಲ್ಕ್ ಅನ್ನುವ ಹಸಿರು ದೈತ್ಯನಾಗಿ ಬಿದ್ದು ಮನುಷ್ಯನಾಗಿ ಎದ್ದವನನ್ನು ನೀನು ಏಲಿಯನ್ನಾ ಅಂತ ಕೇಳುವವನು. ಯಾರು ಕೇಳುತ್ತಿದ್ದಾರೆ ನೋಡಿ!

ಇಸವಿ ಕ್ರಮ ಮುರಿದು 'ಲಕಿ' ಶುರು ಮಾಡಿದ್ದೇನೆ. ಅದರಲ್ಲಿ ಅವರದು ನೌಕಾಪಡೆಯಲ್ಲಿದ್ದ, ತೊಂಬತ್ತರ ಒಂಟಿ ಮುದುಕನ ಪಾತ್ರ. ಹೋಟೆಲಿನಲ್ಲಿ ಎದುರಿಗೆ ಕೂತು ಯುದ್ಧದ ಮಾತಾಡುವುದು ಟಾಮ್ ಸ್ಕೆರಿಟ್, 'ಏಲಿಯನ್' ಹಡಗಿನ ಕ್ಯಾಪ್ಟನ್. ಸ್ಟಾಂಟನ್ ತೀರಿಕೊಂಡದ್ದು 2017ರ ಸೆಪ್ಟೆಂಬರ್ 15ರಂದು, 91ನೇ ವಯಸ್ಸಿನಲ್ಲಿ. ಸಿನಿಮಾ ಅಮೆರಿಕದ ಥಿಯೇಟರಿಗೆ ಬಂದದ್ದು ಅದೇ ತಿಂಗಳ ಕೊನೆಗೆ.

ಕೊನೆಗೆ ಒಂದು ಎತ್ತರದ ಕಳ್ಳಿ ಗಿಡ ನೋಡುತ್ತಾ ನಿಲ್ಲುತ್ತಾರೆ. ಆಮೇಲೆ ನಮ್ಮ ಕಡೆ ತಿರುಗಿ ನಗುತ್ತಾರೆ. ಕಳ್ಳಿ ಆಯಿತು, ಮುಳ್ಳುಗಳೂ ಆದವು. ತುಟಿ ಇರಬೇಕಾದ ಜಾಗ ಖಾಲಿ ಇಟ್ಟಿದ್ದೇನೆ. ಈ ಸಲ ತಂದಿರುವ ಕಾಗದ ಮೂರು ಸಲ ಅಳಿಸಿದರೂ ತಡೆಯುತ್ತದೆ. ಒಂದು ಸಲ ಆಗಲೇ ಅಳಿಸಿಯಾಗಿದೆ.