ಜನವರಿ ಇದ್ದರೆ ಸಾಲದೇ ಎಂದು ಕೇಳುವವರಿಗೆ

ನಾನು ಬರೆಯುತ್ತಿರುವ ಕಾದಂಬರಿ ಒಂದು ಕಲ್ಪಿತ ಲೋಕದಲ್ಲಿ ನಡೆಯುತ್ತದೆ, ಆ ಲೋಕಕ್ಕೆ ಅದರದೇ ಆದ ಪಂಚಾಂಗವೂ ಹೊತ್ತಿನ ಅಳತೆಯೂ ಇವೆ ಎಂದು ತಿಳಿದ ಕೂಡಲೇ ಬೆಂಗಳೂರಿನಲ್ಲಿ ಎದುರಾದವರೆಲ್ಲ ನನ್ನನ್ನು ಕೇಳುವುದು ಒಂದೇ ಮಾತು: "ಜನವರಿ, ಫೆಬ್ರವರಿ ಇದ್ದರೆ ಸಾಲದೇ?" ಬಾಯಿಮಾತಿನಲ್ಲಿ ಉತ್ತರಿಸಿ ಸಾಕಾಗಿರುವುದರಿಂದ ಬರೆದಿಡುತ್ತಿದ್ದೇನೆ. ಸಾಲದು. ಆ ಲೋಕದ ಸೂರ್ಯ, ಚಂದ್ರ, ಮಳೆ ಎಲ್ಲವೂ ಬೇರೆಯಾಗಿರುವಾಗ ನಮ್ಮ ಭೂಮಿಯ ಅಳತೆಗೆ ಹೊಲಿದ ಅಂಗಿ ಅದರ ಮೈಗೆ ಕೂಡುವುದಿಲ್ಲ. ಆದರೆ ನನ್ನನ್ನು ಕೆರಳಿಸುವುದು ಪ್ರಶ್ನೆಯೊಳಗಿನ ಆ "ಸಾಲದೇ" ಎಂಬ ಧಾಟಿ. ಪಂಚಾಂಗವೆಂದರೆ ಕಥೆಯ ಬಾಗಿಲಿಗೆ ಕಟ್ಟುವ ತೋರಣ, ಇದ್ದರೂ ಆಯಿತು, ಇಲ್ಲದಿದ್ದರೂ ಆಯಿತು ಎಂದು ಕೇಳುವವರು ಮೊದಲೇ ತೀರ್ಮಾನಿಸಿಬಿಟ್ಟಿರುತ್ತಾರೆ.

ನನ್ನ ಭಾವನವರು ಇದನ್ನು ಕೇಳಿದ್ದು 2023ರಲ್ಲಿ, ತಮ್ಮ ಹೊಸ ಫ್ಲ್ಯಾಟಿನ ಗೃಹಪ್ರವೇಶದ ದಿನ, ಊಟದ ಪಂಕ್ತಿಯಲ್ಲಿ. "ಅಲ್ಲಯ್ಯಾ, ಇಲ್ಲದ ತಿಂಗಳುಗಳನ್ನೆಲ್ಲ ಯಾಕೆ ಕಟ್ಟುತ್ತಾ ಕೂತಿದ್ದೀಯ?" ಅವರಿಗೆ ಫ್ಲ್ಯಾಟಿನ ಬೀಗದ ಕೈ ಸಿಕ್ಕಿದ್ದು ಜೂನ್ ತಿಂಗಳಲ್ಲಿ. ಆದರೆ ಜೂನ್ 19ಕ್ಕೆ ಆಷಾಢ ಶುರುವಾಯಿತು. ಅದು ಮುಗಿಯಿತೆನ್ನುವಷ್ಟರಲ್ಲಿ ಜುಲೈ 18ರಿಂದ ಅಧಿಕ ಶ್ರಾವಣ ಬಂತು. ಎರಡರಲ್ಲೂ ಗೃಹಪ್ರವೇಶ ಮಾಡುವ ಹಾಗಿರಲಿಲ್ಲ. ಆಗಸ್ಟ್ 17ಕ್ಕೆ ನಿಜ ಶ್ರಾವಣ ಹುಟ್ಟುವವರೆಗೆ ಅವರು ಹಳೆಯ ಮನೆಯ ಬಾಡಿಗೆಯನ್ನೂ ಹೊಸ ಮನೆಯ ಸಾಲದ ಕಂತನ್ನೂ ಒಟ್ಟಿಗೆ ಕಟ್ಟಿದರು. ಬಾಡಿಗೆ ಕರಾರಿನ ಹನ್ನೊಂದು ತಿಂಗಳು ಒಂದು ಲೆಕ್ಕದಲ್ಲಿ ಓಡುತ್ತಿತ್ತು, ಮುಹೂರ್ತ ಇನ್ನೊಂದು ಲೆಕ್ಕದಲ್ಲಿ. ಎರಡರ ನಡುವಿನ ಅಂತರವನ್ನು ಅವರು ತಮ್ಮ ಸಂಬಳದಿಂದ ತುಂಬಿದ್ದರು. ಅವರ ಪ್ರಶ್ನೆಗೆ ಅವರ ಬದುಕೇ ಉತ್ತರವೆಂದು ನಾನು ಅಲ್ಲಿಯೇ ಹೇಳಿದೆ.

ಅಧಿಕ ಮಾಸ ಯಾರ ಹುಚ್ಚಾಟವೂ ಅಲ್ಲ. ಚಾಂದ್ರಮಾನದ ಹನ್ನೆರಡು ತಿಂಗಳು ಸೇರಿದರೆ ಸುಮಾರು 354 ದಿನ, ಸೂರ್ಯನ ವರ್ಷಕ್ಕಿಂತ ಹೆಚ್ಚುಕಡಿಮೆ 11 ದಿನ ಕಡಿಮೆ. ಹಾಗೆಯೇ ಬಿಟ್ಟರೆ ಯುಗಾದಿ ವರ್ಷದಿಂದ ವರ್ಷಕ್ಕೆ ಹಿಂದೆ ಸರಿದು ಚಳಿಗಾಲಕ್ಕೆ ಹೋಗಿ ಬೀಳುತ್ತದೆ. ಆದ್ದರಿಂದ ಸಂಕ್ರಮಣವೇ ಬೀಳದ ಚಾಂದ್ರಮಾಸವನ್ನು ಅಧಿಕವೆಂದು ಎಣಿಸುತ್ತಾರೆ. ನನ್ನ ಲೋಕದಲ್ಲಿ ವರ್ಷಕ್ಕೆ 380 ದಿನ, ಚಂದ್ರನ ಒಂದು ಸುತ್ತಿಗೆ 31 ದಿನ. ಹನ್ನೆರಡು ತಿಂಗಳಿಗೆ 372 ದಿನವಾಗಿ, ವರ್ಷಕ್ಕೆ 8 ದಿನ ಉಳಿಯುತ್ತದೆ. ನಾಲ್ಕು ವರ್ಷಕ್ಕೊಮ್ಮೆ ಅಲ್ಲಿನವರು ಒಂದು "ಹೊರತಿಂಗಳು" ಸೇರಿಸುತ್ತಾರೆ. ಆಗಲೂ ಒಂದು ದಿನ ಮಿಕ್ಕುತ್ತದೆ. ಆ ಒಂದೊಂದು ದಿನವೇ ಕೂಡಿ 124 ವರ್ಷಕ್ಕೆ ಪೂರಾ ಒಂದು ತಿಂಗಳಾಗುತ್ತದೆ. ಲೆಕ್ಕ ಸರಿಯಾಗಿ ಕೂಡದಂತೆ ನಾನು ಬೇಕೆಂದೇ ಇಟ್ಟಿದ್ದೇನೆ, ಏಕೆಂದರೆ ಕೂಡದ ಕಡೆಯೇ ಮನುಷ್ಯರು ಜಗಳವಾಡುತ್ತಾರೆ.

ಹೊತ್ತಿನ ಅಳತೆಯೂ ಹಾಗೆಯೇ. ನಮ್ಮ ಹಿಂದಿನವರ ಗಳಿಗೆ ಬಟ್ಟಲನ್ನು ನಾನು ಅಲ್ಲಿಗೆ ಒಯ್ದಿದ್ದೇನೆ: ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲು ನೀರಿನ ಮೇಲೆ ತೇಲುತ್ತಾ, ನಿಧಾನವಾಗಿ ತುಂಬಿ, ಮುಳುಗಿದರೆ ಒಂದು ಗಳಿಗೆ, ಅಂದರೆ ನಮ್ಮ 24 ನಿಮಿಷ, ಹಗಲೂ ರಾತ್ರಿಯೂ ಸೇರಿ ಅರವತ್ತು. ನನ್ನ ಕಥೆಯ ನದಿಯೂರಿನಲ್ಲಿ ಪ್ರವಾಹದ ತಿಂಗಳುಗಳಲ್ಲಿ ನೀರಿನ ಹೂಳು ಆ ತೂತಿನ ಅಂಚಿಗೆ ಕಟ್ಟಿಕೊಂಡು ಬಟ್ಟಲು ತಡವಾಗಿ ಮುಳುಗುತ್ತದೆ. ಬಣ್ಣದ ಕಾರ್ಖಾನೆಯ ಆಳುಗಳಿಗೆ ಬಟ್ಟಲಿನ ಲೆಕ್ಕದಲ್ಲಿ ಕೂಲಿ. ಬಟ್ಟಲು ಕಾಯುವ ಹುಡುಗಿ ಕುದುರೆಯ ಬಾಲದ ಒಂದು ಕೂದಲನ್ನು ತೂತಿನಲ್ಲಿ ಆಡಿಸಿ ಹೂಳನ್ನು ಬಿಡಿಸುತ್ತಾಳೆ. ಮೇಸ್ತ್ರಿ ಆ ಕೂದಲನ್ನು ಕಿತ್ತುಕೊಳ್ಳುತ್ತಾನೆ. ಜನವರಿಯನ್ನೂ ಕೈಗಡಿಯಾರವನ್ನೂ ಇಟ್ಟುಕೊಂಡು ಈ ದೃಶ್ಯವನ್ನು ಬರೆಯಲು ನನಗೆ ಸಾಧ್ಯವಿರಲಿಲ್ಲ.

ಯಾರಾದರೂ ಒಮ್ಮೆಯಾದರೂ ಬೇರೆ ಪ್ರಶ್ನೆಯನ್ನು ಕೇಳಲಿ ಎಂದು ಕಾಯುತ್ತಿದ್ದೇನೆ: ಹೊರತಿಂಗಳು ಬಂತೆಂದು ಸಾರುವ ಅಧಿಕಾರ ಯಾರದು? ಪ್ರಾಚೀನ ರೋಮಿನಲ್ಲಿ ಅದು ಪುರೋಹಿತ ಮಂಡಲಿಯ ಕೈಯಲ್ಲಿತ್ತು. ತಮಗೆ ಬೇಕಾದವರು ಅಧಿಕಾರದಲ್ಲಿದ್ದರೆ ವರ್ಷವನ್ನು ಹಿಗ್ಗಿಸಿ, ಬೇಡವಾದವರಿದ್ದರೆ ಹಾಗೆಯೇ ಬಿಟ್ಟು, ಕೊನೆಗೆ ಪಂಚಾಂಗ ಋತುಗಳಿಂದ ಎಷ್ಟು ದೂರ ಸರಿಯಿತೆಂದರೆ, ಅದನ್ನು ಸರಿಪಡಿಸಲು ಜೂಲಿಯಸ್ ಸೀಸರ್ ಕ್ರಿ.ಪೂ. 46ನೆಯ ವರ್ಷವನ್ನು 445 ದಿನಗಳಿಗೆ ಎಳೆಯಬೇಕಾಯಿತು. ನನ್ನ ಲೋಕದಲ್ಲಿ ಬಡ್ಡಿಯನ್ನು ತಿಂಗಳಿಗೂ ಕಂದಾಯವನ್ನು ವರ್ಷಕ್ಕೂ ಎಣಿಸುತ್ತಾರೆ. ಹೊರತಿಂಗಳು ಬಂದರೆ ಸಾಲಗಾರನಿಗೆ ಒಂದು ತಿಂಗಳ ಬಡ್ಡಿ ಹೆಚ್ಚು, ಅರಮನೆಗೆ ಕಂದಾಯ ಒಂದು ತಿಂಗಳು ತಡ. ಹಾಗಾಗಿ ಸಾಹುಕಾರರಿಗೆ ಅದು ಬೇಕು, ಅರಮನೆಗೆ ಬೇಡ, ರೈತನಿಗೆ ಬಿತ್ತನೆಯ ಹದ ತಪ್ಪದಿರಲು ಬೇಕೇಬೇಕು, ಆದರೆ ಅವನೇ ಸಾಲಗಾರ.

ಎರಡನೆಯ ಭಾಗ ನಿಂತಿರುವುದು ಇದರ ಮೇಲೆಯೇ. 124 ವರ್ಷಕ್ಕೊಮ್ಮೆ ಬರುವ ಎರಡನೆಯ ಹೊರತಿಂಗಳು ಈ ವರ್ಷವೇ ಎಂದು ಸಾಹುಕಾರರು ಹೇಳುತ್ತಾರೆ, ಮುಂದಿನ ಸರದಿಗೆ ಎಂದು ಅರಮನೆ ಹೇಳುತ್ತದೆ. ಹಿಂದಿನದು ಯಾವಾಗ ಬಂದಿತ್ತೆಂದು ಬರೆದಿಟ್ಟ ಕಡತ ಸುಟ್ಟುಹೋಗಿದೆ, ಅದನ್ನು ಕಣ್ಣಾರೆ ಕಂಡವರು ಯಾರೂ ಬದುಕಿಲ್ಲ, ಮತ್ತು ಬಿತ್ತನೆಯ ಬೀಜ ಆಗಲೇ ನೀರಿನಲ್ಲಿ ನೆನೆಯುತ್ತಿದೆ.